ಟೀವಿ ಒಂದೇ, ಕೆಲಸ ಮೂರು: 4ಕೆ ಚೀಟಿಯ ಆಚೆ ನೋಡಬೇಕಾದ್ದು

ಹೊಸ ಟೀವಿ ಬಂದ ದಿನ ರಾತ್ರಿ ದೀಪ ಆರಿಸಿ ಒಂದು ಸಿನಿಮಾ ಹಾಕಿದೆ. ಕತ್ತಲೆ ದೃಶ್ಯ. ಒಬ್ಬ ಟಾರ್ಚ್ ಹಿಡಿದು ಪಾಳು ಮನೆಯೊಳಗೆ ಹೋಗುತ್ತಾನೆ. ಕಪ್ಪಾಗಿರಬೇಕಿದ್ದ ಪರದೆ ಬೂದಿ ಬಣ್ಣಕ್ಕಿತ್ತು. ಎಡಗಡೆ ಮೂಲೆಯಲ್ಲಿ ಬಾಗಿಲ ಸಂದಿಯಿಂದ ಸೋರಿದ ಹಾಗೆ ಮಂಕು ಬೆಳಕು. ಸಬ್‌ಟೈಟಲ್ ಬಂದಾಗಲಂತೂ ತಮಾಷೆ ನೋಡಬೇಕಿತ್ತು. ಅಕ್ಷರ ಮೂಡಿದ ಕೂಡಲೇ ಕೆಳಗಿನಿಂದ ಮೇಲಿನ ತನಕ ಒಂದು ಉದ್ದ ಪಟ್ಟಿಯೇ ಬೆಳಗುತ್ತಿತ್ತು. ಅಕ್ಷರ ಹೋದರೆ ಪಟ್ಟಿಯೂ ಮಾಯ. ಹತ್ತು ನಿಮಿಷ ಕಳೆಯುವಷ್ಟರಲ್ಲಿ ನಾನು ಸಿನಿಮಾ ಬಿಟ್ಟು ಆ ಪಟ್ಟಿಯನ್ನೇ ನೋಡುತ್ತಾ ಕೂತಿದ್ದೆ.

ಡಬ್ಬದ ಮೇಲಿನ ಚೀಟಿಗಳಲ್ಲಿ ಒಂದೂ ಸುಳ್ಳಿರಲಿಲ್ಲ. 4ಕೆ ಅಂತ ಇತ್ತು, ನಿಜ. ಎಚ್‌ಡಿಆರ್ ಅಂತ ಇತ್ತು, ಅಂದರೆ ಬೆಳಕು ನೆರಳಿನ ಅಂತರ ಹೆಚ್ಚಿಸಿ ತೋರಿಸುವ ಬಗೆ, ಅದೂ ಒಂದು ಲೆಕ್ಕಕ್ಕೆ ನಿಜವೇ. ಆದರೆ ಆ ರಾತ್ರಿ ನನಗೆ ಬೇಕಾಗಿದ್ದ ವಿಷಯ ಯಾವ ಚೀಟಿಯಲ್ಲೂ ಇರಲಿಲ್ಲ.

ಒಂದೇ ಟೀವಿಯಿಂದ ನಾವು ಮೂರು ಕೆಲಸ ಮಾಡಿಸುತ್ತೇವೆ. ರಾತ್ರಿ ಸಿನಿಮಾ, ಮಕ್ಕಳಿಗೆ ಗೇಮ್, ಹಗಲೆಲ್ಲ ಸುದ್ದಿ, ಧಾರಾವಾಹಿ, ಯೂಟ್ಯೂಬ್. ಈ ಮೂರೂ ಟೀವಿಯಿಂದ ಬೇರೆ ಬೇರೆ ಗುಣ ಕೇಳುತ್ತವೆ. ಕೆಲವು ಕಡೆ ಒಂದಕ್ಕೊಂದು ಎದುರಾಗಿಯೇ ನಿಲ್ಲುತ್ತವೆ. ಮಸುಕಾದ ಚಿತ್ರವನ್ನು ತಿದ್ದಿ ತೀಡಲು ಚಿಪ್ ಸ್ವಲ್ಪ ಹೊತ್ತು ತೆಗೆದುಕೊಂಡರೆ ಹಳೆಯ ಧಾರಾವಾಹಿ ಚೆಂದ ಕಾಣುತ್ತದೆ. ಅದೇ ಹೊತ್ತು ಗೇಮ್ ಆಡುವವನ ಕೈ ಕಟ್ಟಿಹಾಕುತ್ತದೆ. ಹಾಗಾಗಿ ‘ಒಳ್ಳೆ ಟೀವಿ ಯಾವುದು’ ಅಂತ ಯಾರಾದರೂ ಕೇಳಿದರೆ ನಾನು ಮೊದಲು ಕೇಳುವುದು, ‘ಯಾವ ಕೆಲಸಕ್ಕೆ, ಯಾವ ಹೊತ್ತಿನಲ್ಲಿ?’

ಮೊದಲು 4ಕೆ ವಿಷಯ ಮುಗಿಸಿಬಿಡೋಣ, ಯಾಕೆಂದರೆ ಅದರಲ್ಲಿ ಹೇಳುವಂಥದ್ದು ಕಡಿಮೆ. ಅಡ್ಡಕ್ಕೆ 3840, ಉದ್ದಕ್ಕೆ 2160 ಚುಕ್ಕೆ. ಗುಣಿಸಿದರೆ ಸುಮಾರು 83 ಲಕ್ಷ. ಹಳೆಯ ಫುಲ್ ಎಚ್‌ಡಿಯಲ್ಲಿ ಇದ್ದದ್ದು ಸುಮಾರು 21 ಲಕ್ಷ. ನಾಲ್ಕು ಪಟ್ಟು ಜಾಸ್ತಿ, ಸರಿ. ಆದರೆ ಅಷ್ಟನ್ನೂ ನಮ್ಮ ಕಣ್ಣು ಹಿಡಿಯುತ್ತದಾ? ಸಾಮಾನ್ಯ ದೃಷ್ಟಿ ಇರುವ ಕಣ್ಣು ಒಂದು ಡಿಗ್ರಿಯ ಅರವತ್ತನೇ ಒಂದು ಭಾಗದಷ್ಟು ಸಣ್ಣದನ್ನು ಬಿಡಿಸಿ ನೋಡಬಲ್ಲದು. ಆ ಲೆಕ್ಕ ಹಿಡಿದರೆ 55 ಇಂಚಿನ ಫುಲ್ ಎಚ್‌ಡಿ ಟೀವಿಯ ಚುಕ್ಕೆಗಳು ಸುಮಾರು 2.2 ಮೀಟರ್ ದೂರಕ್ಕೆ ಒಂದರೊಳಗೊಂದು ಬೆರೆತುಹೋಗುತ್ತವೆ. ಅಂದರೆ ಅದಕ್ಕಿಂತ ಹಿಂದೆ ಕೂತು ನೋಡುವವರಿಗೆ 4ಕೆ ಕೊಡುವ ಹೆಚ್ಚಿನ ಚುಕ್ಕೆಗಳಿಂದ ದೊಡ್ಡ ಲಾಭವಿಲ್ಲ. 4ಕೆಯ ಪೂರ್ತಿ ಸೊಗಸು ಬೇಕೆಂದರೆ ಅದೇ 55 ಇಂಚಿನ ಮುಂದೆ ಒಂದು ಮೀಟರ್ ಚಿಲ್ಲರೆ ದೂರದಲ್ಲಿ ಕೂರಬೇಕು. ಅಷ್ಟು ಹತ್ತಿರ ಯಾರು ಕೂರುತ್ತಾರೆ, ಮಕ್ಕಳನ್ನು ಬಿಟ್ಟರೆ?

ಹಾಗಂತ 4ಕೆ ಬೇಡ ಅಂತ ಹೇಳುತ್ತಿಲ್ಲ. ಈಗ ದೊಡ್ಡ ಅಳತೆಯ ಟೀವಿಗಳೆಲ್ಲ ಹೆಚ್ಚುಕಡಿಮೆ 4ಕೆಯೇ. ಎಲ್ಲದರ ಮೇಲೂ ಒಂದೇ ಚೀಟಿ ಇದ್ದರೆ ಅದನ್ನು ನೋಡಿ ಆರಿಸುವುದಾದರೂ ಹೇಗೆ? 8ಕೆ ಬಗ್ಗೆ ಒಂದೇ ಮಾತು. 3.3 ಕೋಟಿ ಚುಕ್ಕೆ, ಅದಕ್ಕೆ ತಕ್ಕ ಸಿನಿಮಾ ಸಿಗುವುದೇ ಅಪರೂಪ. ಮುಂದೆ ಹೋಗೋಣ.

ಚುಕ್ಕೆಗಳ ಲೆಕ್ಕಕ್ಕಿಂತ ಆ ಚುಕ್ಕೆಗಳೊಳಗೆ ಎಷ್ಟು ಮಾಹಿತಿ ತುಂಬಿದೆ ಅನ್ನುವುದು ಮುಖ್ಯ. 4ಕೆ ಸಿನಿಮಾಕ್ಕೆ ನೆಟ್‌ಫ್ಲಿಕ್ಸ್ ಕೇಳುವ ಇಂಟರ್ನೆಟ್ ವೇಗ ಸೆಕೆಂಡಿಗೆ 15 ಮೆಗಾಬಿಟ್. 4ಕೆ ಬ್ಲೂ-ರೇ ಡಿಸ್ಕ್ ನೂರು ಮೆಗಾಬಿಟ್ ದಾಟಿ ಹೋಗಬಲ್ಲದು. ಹೆಸರು ಎರಡಕ್ಕೂ ಒಂದೇ. ಹೊಗೆ, ಮಳೆ, ಸಮುದ್ರದ ನೊರೆ ಇರುವ ದೃಶ್ಯದಲ್ಲಿ ವ್ಯತ್ಯಾಸ ತಾನಾಗಿಯೇ ಬಯಲಾಗುತ್ತದೆ. ಮಾಹಿತಿ ಸಾಲದಿದ್ದಾಗ ಹೊಗೆ ಚೌಕಚೌಕವಾಗಿ ಒಡೆಯುತ್ತದೆ. ಅಂಗಡಿಯಲ್ಲಿ ಓಡುವ ಡೆಮೊ ವಿಡಿಯೊದಲ್ಲಿ ಬರೀ ಹೂವು, ಬಣ್ಣದ ಪಾತರಗಿತ್ತಿ ಯಾಕಿರುತ್ತವೆ ಅಂತ ಈಗ ಗೊತ್ತಾಯಿತಲ್ವಾ?

ಈಗ ಆ ಬೂದಿ ಬಣ್ಣದ ಕಪ್ಪಿಗೆ ಬರೋಣ. ಟೀವಿಯ ಗುಣದಲ್ಲಿ ಮುಕ್ಕಾಲು ಪಾಲು ಇಲ್ಲೇ ಇದೆ ಅನ್ನುವುದು ನನ್ನ ಅಭಿಪ್ರಾಯ.

ಎಲ್‌ಸಿಡಿ ಪರದೆಗೆ ಸ್ವಂತ ಬೆಳಕಿಲ್ಲ. ಹಿಂದೆ ಎಲ್‌ಇಡಿ ದೀಪ ಉರಿಯುತ್ತಿರುತ್ತದೆ, ಮುಂದಿನ ಪದರ ಕಿಟಕಿ ಪರದೆಯ ಹಾಗೆ ಅದನ್ನು ತಡೆಯುತ್ತದೆ ಅಥವಾ ಬಿಡುತ್ತದೆ. ಎಷ್ಟೇ ಬಿಗಿಯಾಗಿ ಎಳೆದರೂ ಕಿಟಕಿ ಪರದೆಯಿಂದ ಸ್ವಲ್ಪ ಬೆಳಕು ಸೋರುತ್ತದಲ್ಲ, ಇಲ್ಲೂ ಹಾಗೇ. ಐಪಿಎಸ್ ಅನ್ನುವ ಬಗೆಯ ಪ್ಯಾನೆಲ್‌ನಲ್ಲಿ ಬಿಳಿ ಮತ್ತು ಕಪ್ಪಿನ ಅಂತರ ಸುಮಾರು ಸಾವಿರ ಪಟ್ಟು. ವಿಎ ಬಗೆಯಲ್ಲಿ ಮೂರು ಸಾವಿರಕ್ಕೂ ಜಾಸ್ತಿ. ಆದರೆ ವಿಎ ಪರದೆಯನ್ನು ಪಕ್ಕದಿಂದ ನೋಡಿದರೆ ಬಣ್ಣ ಸಪ್ಪೆಯಾಗುತ್ತದೆ. ಐಪಿಎಸ್ ಪಕ್ಕದಿಂದಲೂ ಚೆನ್ನಾಗಿ ಕಾಣುತ್ತದೆ, ಕತ್ತಲಲ್ಲಿ ಮಾತ್ರ ಮಾನ ಕಳೆಯುತ್ತದೆ.

ಈ ಸೋರಿಕೆ ತಡೆಯಲು ಹಿಂದಿನ ದೀಪಗಳನ್ನು ಗುಂಪುಗುಂಪಾಗಿ ಮಾಡಿ, ಕತ್ತಲೆ ಇರುವ ಕಡೆ ಮಂದ ಮಾಡುತ್ತಾರೆ. ಅದೇ ಲೋಕಲ್ ಡಿಮ್ಮಿಂಗ್. ಇಲ್ಲಿ ಗುಂಪುಗಳ ಸಂಖ್ಯೆಯೇ ಎಲ್ಲ. ನನ್ನ ಟೀವಿಯಲ್ಲಿ ದೀಪಗಳು ಅಂಚಿನಲ್ಲಿ ಮಾತ್ರ ಇದ್ದವು. ಒಂದು ಅಕ್ಷರ ತೋರಿಸಲು ಒಂದು ಇಡೀ ಕಂಬವನ್ನೇ ಬೆಳಗಿಸಬೇಕಿತ್ತು. ಪಟ್ಟಿ ಕಂಡದ್ದು ಅದಕ್ಕೇ. ಮಿನಿ ಎಲ್‌ಇಡಿ ಟೀವಿಗಳಲ್ಲಿ ಸಣ್ಣ ಸಣ್ಣ ದೀಪಗಳು ಪರದೆಯ ಹಿಂದೆ ಪೂರ್ತಿ ಹರಡಿರುತ್ತವೆ, ಗುಂಪುಗಳು ನೂರಾರು, ಕೆಲವದರಲ್ಲಿ ಸಾವಿರಾರು. ಆದರೂ 83 ಲಕ್ಷ ಚುಕ್ಕೆಗೆ ಸಾವಿರ ಗುಂಪು ಅಂದರೆ ಒಂದು ಗುಂಪಿಗೆ ಎಂಟು ಸಾವಿರಕ್ಕೂ ಹೆಚ್ಚು ಚುಕ್ಕೆ. ಕಪ್ಪು ಆಕಾಶದ ಚಂದ್ರನ ಸುತ್ತ ಮಂಜಿನಂಥ ಬೆಳಕು ಪೂರ್ತಿ ಹೋಗುವುದಿಲ್ಲ.

ಒಎಲ್‌ಇಡಿಯಲ್ಲಿ ಈ ರಗಳೆಯೇ ಇಲ್ಲ. ಪ್ರತಿ ಚುಕ್ಕೆಯೂ ತಾನೇ ಉರಿಯುತ್ತದೆ, ತಾನೇ ಆರುತ್ತದೆ. ಕಪ್ಪು ಅಂದರೆ ದೀಪ ಆರಿದ ಕಪ್ಪು. ಕತ್ತಲ ಕೋಣೆಯಲ್ಲಿ ಸಿನಿಮಾ ನೋಡುವವರಿಗೆ ನನ್ನ ಮಟ್ಟಿಗೆ ಇದಕ್ಕೆ ಸಾಟಿ ಇಲ್ಲ. ಅಂದಹಾಗೆ ಕ್ಯೂಎಲ್‌ಇಡಿ ಅನ್ನುವ ಹೆಸರು ನೋಡಿ ಮೋಸ ಹೋಗಬೇಡಿ. ಕೇಳಲು ಒಎಲ್‌ಇಡಿಯ ಅಣ್ಣತಮ್ಮನ ಹಾಗಿದ್ದರೂ ಅದು ಬಣ್ಣ ಹೆಚ್ಚಿಸಿದ ಎಲ್‌ಸಿಡಿ. ಹಿಂದೆ ದೀಪ ಇದ್ದೇ ಇದೆ.

ಎಚ್‌ಡಿಆರ್ ಚೀಟಿಯ ಕಥೆಯೂ ಇದಕ್ಕೇ ಅಂಟಿಕೊಂಡಿದೆ. ಪರದೆಯ ಬೆಳಕನ್ನು ನಿಟ್ ಅನ್ನುವ ಅಳತೆಯಲ್ಲಿ ಹೇಳುತ್ತಾರೆ. ಹಳೆಯ ಬಗೆಯ ವಿಡಿಯೊವನ್ನು 100 ನಿಟ್ ಲೆಕ್ಕಕ್ಕೆ ತಯಾರಿಸುತ್ತಿದ್ದರು. ಎಚ್‌ಡಿಆರ್ ಸಿನಿಮಾಗಳನ್ನು ಸಾಮಾನ್ಯವಾಗಿ 1000 ನಿಟ್‌ಗೆ, ಕೆಲವನ್ನು 4000ಕ್ಕೆ ತಯಾರಿಸುತ್ತಾರೆ. ಬೆಂಕಿಯ ಕಿಡಿ, ನೀರಿನ ಮೇಲಿನ ಬಿಸಿಲು, ಕಾರಿನ ಹೆಡ್‌ಲೈಟ್ ನಿಜವಾಗಿ ಕಣ್ಣಿಗೆ ಹೊಡೆಯಬೇಕು, ಅದರ ಪಕ್ಕದ ನೆರಳು ನೆರಳಾಗಿಯೇ ಉಳಿಯಬೇಕು. ಅಗ್ಗದ ಎಷ್ಟೋ ಟೀವಿಗಳು ಮುಟ್ಟುವುದು ಹೆಚ್ಚೆಂದರೆ 300 ನಿಟ್. ಅಂಥ ಟೀವಿಯ ಮೇಲಿನ ಎಚ್‌ಡಿಆರ್ ಚೀಟಿಗೆ ಅರ್ಥ ಇಷ್ಟೇ: ಎಚ್‌ಡಿಆರ್ ವಿಡಿಯೊ ಕೊಟ್ಟರೆ ತಿರಸ್ಕರಿಸುವುದಿಲ್ಲ. ಸಾವಿರ ನಿಟ್‌ನ ಚಿತ್ರವನ್ನು ಮುನ್ನೂರರ ಪರದೆಗೆ ತುರುಕಬೇಕಾದಾಗ ಟೀವಿ ಎಲ್ಲವನ್ನೂ ಕೆಳಗೆ ಒತ್ತುತ್ತದೆ. ‘ಎಚ್‌ಡಿಆರ್ ಹಾಕಿದರೆ ಚಿತ್ರ ಇನ್ನೂ ಮಬ್ಬಾಗುತ್ತೆ’ ಅಂತ ಜನ ದೂರುವುದು ಸುಮ್ನೆ ಅಲ್ಲ.

ಡಾಲ್ಬಿ ವಿಷನ್, ಎಚ್‌ಡಿಆರ್10 ಪ್ಲಸ್ ಅನ್ನುವ ಜಗಳದಲ್ಲಿ ನಾನು ತಲೆ ಕೆಡಿಸಿಕೊಳ್ಳುವುದಿಲ್ಲ. ಎರಡೂ ಪ್ರತಿ ದೃಶ್ಯಕ್ಕೂ ಬೆಳಕು ಹೇಗೆ ಹೊಂದಿಸಬೇಕು ಅಂತ ಟೀವಿಗೆ ಸೂಚನೆ ಕೊಡುತ್ತವೆ. ಸ್ಯಾಮ್‌ಸಂಗ್ ಎರಡನೆಯದರ ಕಡೆ, ಎಲ್‌ಜಿ ಮತ್ತು ಸೋನಿ ಮೊದಲನೆಯದರ ಕಡೆ. ಆದರೆ ಪರದೆಯಲ್ಲೇ ಕಸುವಿಲ್ಲದಿದ್ದರೆ ಸೂಚನೆ ಕೊಟ್ಟು ಏನು ಪ್ರಯೋಜನ?

ಸಿನಿಮಾಕ್ಕೆ ಸಂಬಂಧಿಸಿದ ಇನ್ನೊಂದು ವಿಷಯ ಚಲನೆ. ಸಿನಿಮಾ ಸೆಕೆಂಡಿಗೆ 24 ಚಿತ್ರ. ಸಾಮಾನ್ಯ ಟೀವಿ ಸೆಕೆಂಡಿಗೆ 60 ಸಲ ಪರದೆ ಬದಲಿಸುತ್ತದೆ. 24ರಿಂದ 60 ಭಾಗವಾಗುವುದಿಲ್ಲ, ಹಾಗಾಗಿ ಒಂದು ಚಿತ್ರವನ್ನು ಮೂರು ಸಲ, ಮುಂದಿನದನ್ನು ಎರಡು ಸಲ ತೋರಿಸಿ ಹೇಗೋ ಸರಿದೂಗಿಸುತ್ತಾರೆ. ಕ್ಯಾಮೆರಾ ನಿಧಾನವಾಗಿ ಬೆಟ್ಟದ ಸಾಲಿನ ಮೇಲೆ ಸರಿಯುವಾಗ ಕುಂಟಿದ ಹಾಗೆ ಕಾಣುವುದು ಇದರಿಂದ. 120 ಹರ್ಟ್ಸ್, ಅಂದರೆ ಸೆಕೆಂಡಿಗೆ 120 ಸಲ ಬದಲಾಗುವ ಪರದೆಯಲ್ಲಿ ಪ್ರತಿ ಚಿತ್ರಕ್ಕೂ ಸಮನಾಗಿ ಐದೈದು ಸಲ ಸಿಗುತ್ತದೆ, ಕುಂಟು ಹೋಗುತ್ತದೆ.

ಇದಕ್ಕೆ ಕಂಪನಿಗಳು ಕಂಡುಕೊಂಡ ಇನ್ನೊಂದು ದಾರಿ ಇದೆ. ಎರಡು ಚಿತ್ರಗಳ ನಡುವೆ ಟೀವಿ ತಾನೇ ಹೊಸ ಚಿತ್ರ ಊಹಿಸಿ ಸೇರಿಸುತ್ತದೆ. ಆಗ ಕೋಟಿಗಟ್ಟಲೆ ಸುರಿದು ತೆಗೆದ ಸಿನಿಮಾ ಮಧ್ಯಾಹ್ನದ ಧಾರಾವಾಹಿಯ ಹಾಗೆ ಜಾರುತ್ತಾ ಓಡುತ್ತದೆ. ಎಷ್ಟೋ ಟೀವಿಗಳು ಇದನ್ನು ಚಾಲೂ ಮಾಡಿಯೇ ಮನೆಗೆ ಕಳಿಸುತ್ತವೆ. 2018ರಲ್ಲಿ ಹಾಲಿವುಡ್ ನಟ ಟಾಮ್ ಕ್ರೂಸ್ ಮತ್ತು ನಿರ್ದೇಶಕ ಕ್ರಿಸ್ಟೋಫರ್ ಮೆಕ್ವಾರಿ ಒಂದು ವಿಡಿಯೊ ಮಾಡಿ, ದಯವಿಟ್ಟು ಇದನ್ನು ಆಫ್ ಮಾಡಿ ಅಂತ ಜನರನ್ನು ಕೇಳಿಕೊಂಡರು. ಮರುವರ್ಷ ಯುಎಚ್‌ಡಿ ಅಲಯನ್ಸ್ ಅನ್ನುವ ಉದ್ಯಮ ಕೂಟ ಫಿಲ್ಮ್‌ಮೇಕರ್ ಮೋಡ್ ಘೋಷಿಸಿತು. ಒಂದು ಗುಂಡಿ ಒತ್ತಿದರೆ ಈ ತಿದ್ದುಪಡಿಗಳೆಲ್ಲ ಆಫ್. ಮೊದಲ ಸಲ ಹಾಕಿದಾಗ ಪರದೆ ಹಳದಿ ಹೊಡೆದ ಹಾಗೆ ಅನಿಸುತ್ತದೆ. ಎರಡು ದಿನ ತಡೆದುಕೊಳ್ಳಿ. ಆಮೇಲೆ ಬಣ್ಣ ಢಾಳಾಗಿ ತೋರಿಸುವ ಹಳೆಯ ವಿವಿಡ್ ಮೋಡ್‌ಗೆ ಹಿಂತಿರುಗಿದರೆ ಎಲ್ಲರ ಮುಖವೂ ನೀಲಿಗಟ್ಟಿದ ಹಾಗೆ ಕಾಣುತ್ತದೆ.

ಗೇಮ್ ವಿಷಯ ನನಗೆ ಕಲಿಸಿದವನು ಅಕ್ಕನ ಮಗ. ರಜೆಗೆ ಬಂದವನು ತನ್ನ ಗೇಮ್ ಕನ್ಸೋಲ್ ಜೋಡಿಸಿಕೊಂಡು ಕೂತ. ಅರ್ಧ ಗಂಟೆಯಲ್ಲಿ ಕಂಟ್ರೋಲರ್ ಕೆಳಗಿಟ್ಟ. ‘ಮಾಮಾ, ನಿಮ್ಮ ಟೀವಿ ಸರಿ ಇಲ್ಲ. ನಾನು ಒತ್ತಿದ ಮೇಲೆ ಯೋಚನೆ ಮಾಡಿ ಹಾರ್ತಾನೆ ಇವನು. ಅಷ್ಟೊತ್ತಿಗೆ ಗುಂಡಿಗೆ ಬಿದ್ದಿರ್ತಾನೆ.’ ನಾನು ಅವನ ಆಟ ಸಾಲದು ಅಂದುಕೊಂಡೆ. ಸುಮ್ಮನೆ ಸೆಟ್ಟಿಂಗ್ಸ್ ಹುಡುಕಿ ಗೇಮ್ ಮೋಡ್ ಹಾಕಿದೆ. ಮುಂದಿನ ಯತ್ನದಲ್ಲೇ ಗುಂಡಿ ದಾಟಿದ.

ಸೆಕೆಂಡಿಗೆ 60 ಚಿತ್ರ ಅಂದರೆ ಒಂದೊಂದಕ್ಕೆ ಸುಮಾರು 17 ಮಿಲಿಸೆಕೆಂಡ್. ಟೀವಿ ಚಿತ್ರವನ್ನು ತಿದ್ದುತ್ತಾ ಕೂತರೆ 50, ಕೆಲವೊಮ್ಮೆ 100 ಮಿಲಿಸೆಕೆಂಡ್ ತಡವಾಗಿ ತೋರಿಸುತ್ತದೆ. ನೀವು ನೋಡುತ್ತಿರುವುದು ಮೂರು ಇಲ್ಲವೇ ಆರು ಚಿತ್ರ ಹಳೆಯ ಆಟ. ಸಿನಿಮಾಕ್ಕೆ ಇದರಿಂದ ಏನೂ ಆಗುವುದಿಲ್ಲ, ಧ್ವನಿಯನ್ನೂ ಅಷ್ಟೇ ತಡ ಮಾಡಿದರೆ ಮುಗಿಯಿತು. ಗೇಮ್ ಮೋಡ್ ಈ ತಿದ್ದುಪಡಿಗಳನ್ನು ಬದಿಗಿಡುತ್ತದೆ. ಒಳ್ಳೆಯ ಟೀವಿಗಳಲ್ಲಿ ತಡ 10 ಮಿಲಿಸೆಕೆಂಡಿನ ಆಸುಪಾಸಿಗೆ, 120 ಹರ್ಟ್ಸ್‌ನಲ್ಲಿ ಅದರ ಅರ್ಧಕ್ಕೆ ಇಳಿಯುತ್ತದೆ. ಇನ್ನೊಂದು ಪರೀಕ್ಷೆಯನ್ನೂ ಮಾಡಿ ನೋಡಿ: ಗೇಮ್ ಮೋಡ್ ಹಾಕಿದ ಮೇಲೆ ಕತ್ತಲೆ ದೃಶ್ಯ ಹೇಗಿದೆ? ಕೆಲವು ಟೀವಿಗಳು ವೇಗಕ್ಕೋಸ್ಕರ ಲೋಕಲ್ ಡಿಮ್ಮಿಂಗನ್ನೂ ಸಡಿಲ ಬಿಡುತ್ತವೆ. ಆಗ ಕಪ್ಪು ಮತ್ತೆ ಬೂದಿಯಾಗುತ್ತದೆ.

ಇಲ್ಲಿ ಚೀಟಿಯ ಮೋಸ ಇನ್ನೊಂದು ಮಟ್ಟಕ್ಕೆ ಹೋಗುತ್ತದೆ. 2020ರ ನವೆಂಬರ್‌ನಲ್ಲಿ ಬಂದ ಪ್ಲೇಸ್ಟೇಷನ್ 5 ಮತ್ತು ಎಕ್ಸ್‌ಬಾಕ್ಸ್ ಸೀರೀಸ್ ಎಕ್ಸ್ ಕನ್ಸೋಲ್‌ಗಳು 4ಕೆ ಚಿತ್ರವನ್ನು ಸೆಕೆಂಡಿಗೆ 120ರ ತನಕ ಕಳಿಸಬಲ್ಲವು. ಕನ್ಸೋಲನ್ನು ಟೀವಿಗೆ ಜೋಡಿಸುವ ಪೋರ್ಟಿನ ಹಳೆಯ ಬಗೆ, ಎಚ್‌ಡಿಎಂಐ 2.0, ಸೆಕೆಂಡಿಗೆ 18 ಗಿಗಾಬಿಟ್ ಮಾತ್ರ ಹೊರುತ್ತದೆ, ಇದಕ್ಕೆ ಅದು ಸಾಲದು. 2.1 ಹೊರುವುದು 48ರ ತನಕ. ಸರಿ, 2.1 ಅಂತ ಬರೆದಿರುವ ಟೀವಿ ತಗೊಂಡರಾಯಿತು ಅಂದುಕೊಳ್ಳುತ್ತೀರಿ. ಆದರೆ 2.1ರ ಸೌಲಭ್ಯಗಳೆಲ್ಲ ಐಚ್ಛಿಕ. ಹಳೆಯ 2.0 ಗುಣಗಳೂ ಈಗ 2.1ರ ಹೊಟ್ಟೆಯೊಳಗೇ ಸೇರಿವೆ. 60 ಹರ್ಟ್ಸ್ ಪರದೆಯ ಟೀವಿಯ ಮೇಲೂ 2.1 ಅಂತ ಬರೆಯಬಹುದು, ನಿಯಮಕ್ಕೆ ಭಂಗವಿಲ್ಲ. ‘ಮೋಷನ್ ರೇಟ್ 120’, ‘240’ ಅಂತ ಕಂಡರೆ ಇನ್ನೂ ಹುಷಾರು. ಎಷ್ಟೋ ಸಲ ಅದು 60 ಹರ್ಟ್ಸ್ ಪರದೆಗೆ ಮಾರಾಟದವರು ಇಟ್ಟ ಅಡ್ಡಹೆಸರು. ಹುಡುಕಬೇಕಾದ್ದು ಮೂರು ಮಾತು: ಪ್ಯಾನೆಲ್‌ನ ನಿಜವಾದ ರಿಫ್ರೆಶ್ ರೇಟ್ (ಸೆಕೆಂಡಿಗೆ ಎಷ್ಟು ಸಲ ಪರದೆ ಬದಲಾಗುತ್ತದೆ) ಎಷ್ಟು, 4ಕೆ 120 ಎಷ್ಟು ಪೋರ್ಟಿನಲ್ಲಿ ಸಿಗುತ್ತದೆ, ವಿಆರ್‌ಆರ್ ಇದೆಯಾ.

ವಿಆರ್‌ಆರ್ ಅಂದರೆ ಗೇಮ್ ಎಷ್ಟು ವೇಗದಲ್ಲಿ ಚಿತ್ರ ಕಳಿಸುತ್ತದೋ ಪರದೆಯೂ ಅದೇ ವೇಗಕ್ಕೆ ಹೆಜ್ಜೆ ಹಾಕುವುದು. ಇದಿಲ್ಲದಿದ್ದರೆ ಜೋರು ಓಟದಲ್ಲಿ ಚಿತ್ರದ ಮೇಲರ್ಧ ಒಂದು ಕಡೆ, ಕೆಳಗಿನರ್ಧ ಇನ್ನೊಂದು ಕಡೆ ಹರಿದ ಹಾಗೆ ಕಾಣುತ್ತದೆ. ಪೋರ್ಟುಗಳ ಲೆಕ್ಕ ಕೇಳಲು ಹೇಳಿದ್ದಕ್ಕೂ ಕಾರಣ ಇದೆ. ಹಲವು ಟೀವಿಗಳಲ್ಲಿ ಪೂರ್ತಿ ವೇಗದ ಪೋರ್ಟ್ ಎರಡೇ. ಅದರಲ್ಲೊಂದೇ ಸೌಂಡ್‌ಬಾರ್ ಹಾಕುವ ಇಎಆರ್‌ಸಿ ಪೋರ್ಟ್ ಕೂಡ ಆಗಿರುತ್ತದೆ. ಎರಡು ಕನ್ಸೋಲ್ ಇಟ್ಟುಕೊಂಡು ಸೌಂಡ್‌ಬಾರ್ ತಂದವರ ಪಾಡು ಗೊತ್ತಾಯಿತಲ್ಲ.

ಇನ್ನು ದಿನದ ಬಳಕೆ. ವಿಮರ್ಶೆಗಳಲ್ಲಿ ಇದಕ್ಕೆ ಸಿಗುವುದು ಎರಡು ಸಾಲು, ಟೀವಿ ಕಳೆಯುವುದು ಹೆಚ್ಚು ಹೊತ್ತು ಇದರಲ್ಲೇ. ಹಗಲು ಹೊತ್ತು ಕಪ್ಪಿನ ಆಳ ಯಾರಿಗೂ ಕಾಣುವುದಿಲ್ಲ. ಕಿಟಕಿಯ ಪ್ರತಿಬಿಂಬ ಕಾಣುತ್ತದೆ. ಕೋಣೆಯ ಬೆಳಕನ್ನು ಮೀರುವಷ್ಟು ಹೊಳಪು ಪರದೆಗೆ ಬೇಕು, ಮೇಲಿನ ಲೇಪನ ಪ್ರತಿಬಿಂಬವನ್ನು ಚದುರಿಸಬೇಕು. ಪರದೆ ಪೂರ್ತಿ ಬಿಳಿ ತುಂಬಿದಾಗ ಒಎಲ್‌ಇಡಿ ತಾನಾಗಿ ಹೊಳಪು ತಗ್ಗಿಸುತ್ತದೆ. ದೊಡ್ಡ ಕಿಟಕಿಯ ಎದುರಿಗೆ ಮಿನಿ ಎಲ್‌ಇಡಿಯೇ ವಾಸಿ.

ಬರುವ ಚಿತ್ರವೂ ಇಲ್ಲಿ ಬಹುಪಾಲು 4ಕೆ ಆಗಿರುವುದಿಲ್ಲ. ಸಾಮಾನ್ಯ ಚಾನೆಲ್‌ನ 720ಕ್ಕೆ 576 ಅಂದರೆ ನಾಲ್ಕು ಲಕ್ಷ ಚುಕ್ಕೆ. ಅದನ್ನು 83 ಲಕ್ಷಕ್ಕೆ ಹಿಗ್ಗಿಸಬೇಕು. ಇಪ್ಪತ್ತರಲ್ಲಿ ಹತ್ತೊಂಬತ್ತು ಚುಕ್ಕೆ ಟೀವಿಯ ಊಹೆಯೇ. ಒಳ್ಳೆ ಚಿಪ್ ಕೂದಲನ್ನು ಕೂದಲಾಗಿ ಉಳಿಸುತ್ತದೆ. ಕೆಟ್ಟದ್ದು ಮುಖಕ್ಕೆ ಮೇಣ ಬಳಿದ ಹಾಗೆ ಮಾಡುತ್ತದೆ. ಟೀವಿ ನೋಡಲು ಹೋದಾಗ ಪೆನ್‌ಡ್ರೈವ್‌ನಲ್ಲಿ ಒಂದು ಹಳೆಯ ವಿಡಿಯೊ ಹಾಕಿಕೊಂಡು ಹೋಗಿ. ಚೆಂದದ್ದು ಬೇಡ, ಹಾಳಾಗಿರುವುದೇ ಇರಲಿ.

ಸುದ್ದಿ ಚಾನೆಲ್‌ನ ಕೆಳಗೆ ಓಡುವ ಸಾಲು ಒಳ್ಳೆಯ ಪರೀಕ್ಷೆ. ಓಡುವಾಗ ಓದಲು ಆಗುತ್ತದಾ, ಅಕ್ಷರಕ್ಕೆ ಬಾಲ ಬರುತ್ತದಾ ನೋಡಿ. ಆಟದ ಮೈದಾನದ ಹಸಿರು ಇನ್ನೊಂದು. ಕ್ಯಾಮೆರಾ ಸರಿಯುವಾಗ ಹುಲ್ಲಿನ ಮೇಲೆ ಕೊಳೆ ಮೆತ್ತಿದ ಹಾಗೆ ಕಲೆಗಳು ನಿಂತಲ್ಲೇ ನಿಂತಿದ್ದರೆ ಆ ಪ್ಯಾನೆಲ್ ಸಮವಾಗಿಲ್ಲ ಅಂತ. ಇದು ಒಂದೇ ಮಾಡೆಲ್‌ನ ಒಂದು ಟೀವಿಯಲ್ಲಿ ಇದ್ದು ಇನ್ನೊಂದರಲ್ಲಿ ಇಲ್ಲದಿರಬಹುದು, ಹಾಗಾಗಿ ವಾಪಸ್ ಕೊಡುವ ಅವಧಿ ಮುಗಿಯುವ ಮೊದಲೇ ನೋಡಿಬಿಡಿ.

ದಿನವಿಡೀ ಒಂದೇ ಚಾನೆಲ್ ಓಡುವ ಮನೆಗೆ ಒಎಲ್‌ಇಡಿ ತರಲು ನಾನು ಹಿಂಜರಿಯುತ್ತೇನೆ. ಮೂಲೆಯ ಲೋಗೊ ಗಂಟೆಗಟ್ಟಲೆ ಅಲ್ಲೇ ಇದ್ದರೆ ಆ ಜಾಗದ ಚುಕ್ಕೆಗಳು ಬೇಗ ಸವೆದು ಗುರುತು ಉಳಿಯಬಹುದು. ಈಗಿನ ಟೀವಿಗಳು ಲೋಗೊವನ್ನು ಗುರುತಿಸಿ ಮಂದ ಮಾಡುವಂಥ ಉಪಾಯಗಳನ್ನು ಮಾಡಿವೆ, ಭಯ ಮೊದಲಿಗಿಂತ ಕಡಿಮೆ. ಬಗೆಬಗೆಯ ಕಾರ್ಯಕ್ರಮ ನೋಡುವವರಿಗೆ ಚಿಂತೆ ಬೇಡ.

ಧ್ವನಿ ಬಗ್ಗೆ ಹೇಳಲು ಹೆಚ್ಚೇನಿಲ್ಲ. ಟೀವಿ ತೆಳ್ಳಗಾದಷ್ಟೂ ಸ್ಪೀಕರ್‌ಗೆ ಜಾಗ ಇಲ್ಲ, ಸೌಂಡ್‌ಬಾರ್‌ಗೆ ದುಡ್ಡು ತೆಗೆದಿಡಿ. ಒಳಗಿನ ಆ್ಯಪ್‌ಗಳನ್ನು ನೋಡಿ ಟೀವಿ ಆರಿಸಬೇಡಿ. ಚಿಪ್ ಹಳೆಯದಾಗಿ ಮೆನು ಎಳೆದಾಡತೊಡಗಿದರೆ ಹೊರಗಿನಿಂದ ಒಂದು ಸ್ಟಿಕ್ ಸಿಕ್ಕಿಸಿಕೊಳ್ಳಬಹುದು, ಪರದೆಯನ್ನು ಹಾಗೆ ಬದಲಿಸಲು ಆಗುವುದಿಲ್ಲ. ಒಂದು ಸೆಟ್ಟಿಂಗ್ ಮಾತ್ರ ಮೊದಲ ದಿನವೇ ಹುಡುಕಿ ಆಫ್ ಮಾಡಿ. ಪರದೆಯ ಮೇಲೆ ಏನು ಓಡುತ್ತಿದೆ ಅಂತ ಗುರುತಿಸಿ ಹೊರಗೆ ಕಳಿಸುವ ಸೌಲಭ್ಯ ಬಹಳಷ್ಟು ಸ್ಮಾರ್ಟ್ ಟೀವಿಗಳಲ್ಲಿದೆ. ಒಪ್ಪಿಗೆ ಇಲ್ಲದೆ ಹೀಗೆ ಮಾಹಿತಿ ಎತ್ತಿದ್ದಕ್ಕೆ 2017ರಲ್ಲಿ ವಿಜಿಯೊ ಅನ್ನುವ ಟೀವಿ ಕಂಪನಿ ಅಮೆರಿಕದ ಎಫ್‌ಟಿಸಿ (ಗ್ರಾಹಕರ ಹಿತ ಕಾಯುವ ಸರ್ಕಾರಿ ಸಂಸ್ಥೆ) ಮತ್ತು ನ್ಯೂಜೆರ್ಸಿ ರಾಜ್ಯದ ಮೊಕದ್ದಮೆ ಮುಗಿಸಿಕೊಳ್ಳಲು 22 ಲಕ್ಷ ಡಾಲರ್ ಕೊಡಬೇಕಾಯಿತು.

ಇಷ್ಟೆಲ್ಲ ಸಂಖ್ಯೆ ಹೇಳಿ ಈಗ ಸಂಖ್ಯೆಯನ್ನೇ ಪೂರ್ತಿ ನಂಬಬೇಡಿ ಅಂದರೆ ನಗಬೇಡಿ. ಹೊಳಪು ಅಳೆಯುವಾಗ ಪರದೆಯ ಶೇಕಡಾ 10 ಜಾಗದಲ್ಲಿ ಬಿಳಿ ಚೌಕ ಹಾಕಿ ಅಳೆಯುವುದು ವಿಮರ್ಶಕರ ರೂಢಿ. 2022ರಲ್ಲಿ ಕೆಲವು ದುಬಾರಿ ಟೀವಿಗಳು ಆ ಚೌಕವನ್ನು ಗುರುತು ಹಿಡಿದು, ಪರೀಕ್ಷೆಯ ಹೊತ್ತಿಗೆ ಮಾತ್ರ ಒಳ್ಳೆಯ ಮಕ್ಕಳಾಗುತ್ತಿದ್ದದ್ದು ಬಯಲಿಗೆ ಬಂತು. ಚೌಕವನ್ನು ಶೇಕಡಾ 9ಕ್ಕೆ ಇಳಿಸಿದ ಕೂಡಲೇ ನಿಜ ರೂಪ ಕಂಡಿತು. ಹಾಗಾಗಿ ಅಂಗಡಿಯಲ್ಲೇ ರಿಮೋಟ್ ಕೇಳಿ ಇಸಿದುಕೊಳ್ಳಿ. ವಿವಿಡ್ ಮೋಡ್ ತೆಗೆಸಿ, ನಿಮ್ಮ ಹಾಳಾದ ವಿಡಿಯೊ ಹಾಕಿ, ಒಂದು ಕತ್ತಲೆ ದೃಶ್ಯ ಹಾಕಿ, ಮಂಚದ ಮೂಲೆಯಲ್ಲಿ ಕೂರುವವರ ಜಾಗದಿಂದ ನೋಡುವ ಹಾಗೆ ಪಕ್ಕಕ್ಕೆ ಸರಿದು ನಿಲ್ಲಿ. ಮಾರುವವರಿಗೆ ಇದು ಇಷ್ಟವಾಗುವುದಿಲ್ಲ, ಪರವಾಗಿಲ್ಲ.

ನನ್ನ ಆ ಪಟ್ಟಿ ಬೆಳಗುವ ಟೀವಿ ಈಗ ಅಮ್ಮನ ಕೋಣೆಯಲ್ಲಿದೆ. ಬೆಳಗ್ಗೆಯಿಂದ ಸಂಜೆ ತನಕ ಓಡುತ್ತದೆ, ಕಿಟಕಿ ತೆರೆದೇ ಇರುತ್ತದೆ. ಅದರಲ್ಲಿ ಏನು ತೊಂದರೆ ಇದೆ ಅಂತ ನಾನು ಒಮ್ಮೆ ವಿವರಿಸಲು ಹೋದೆ. ಅಮ್ಮ ರಿಮೋಟ್ ಎತ್ತಿ ಸೌಂಡ್ ಸ್ವಲ್ಪ ಜಾಸ್ತಿ ಮಾಡಿಕೊಂಡಳು.